ಬೇಡದ ಗೇಮ್ ಫೋನಿಗೆ ಇಳಿಸುವವರು ಯಾರು?

ಫೋನಿಗೆ ಹೊಸ ಅಪ್‌ಡೇಟ್ ಬಂದಿರುತ್ತದೆ. ಅದನ್ನು ಹಾಕಿಸಿ, ರಾತ್ರಿ ಚಾರ್ಜಿಗಿಟ್ಟು ಮಲಗುತ್ತೀರಿ. ಬೆಳಿಗ್ಗೆ ನೋಡಿದರೆ ಪರದೆಯ ಮೇಲೆ ಒಂದು ಲೂಡೊ, ಒಂದು ಬಸ್ ಓಡಿಸುವ ಆಟ, ಬಣ್ಣದ ಮಿಠಾಯಿ ಜೋಡಿಸುವ ಇನ್ನೊಂದು ಆಟ. ಮನೆಯಲ್ಲಿ ಮೊದಲು ಬೈಸಿಕೊಳ್ಳುವವರು ಮಕ್ಕಳು. ಎಷ್ಟೋ ಸಲ ಅವರು ಫೋನನ್ನು ಮುಟ್ಟಿಯೂ ಇರುವುದಿಲ್ಲ. ಗೇಮ್ ಅಳಿಸುತ್ತೀರಿ, ಕೆಲವು ದಿನ ಕಳೆದ ಮೇಲೆ ಬೇರೊಂದು ಬಂದು ಕೂತಿರುತ್ತದೆ. ದಿನಕ್ಕೆ ಒಂದೂವರೆ ಜಿಬಿ ಡೇಟಾದಲ್ಲಿ ಮಕ್ಕಳ ಆನ್‌ಲೈನ್ ಪಾಠವನ್ನೂ ಮನೆಯ ವ್ಯವಹಾರವನ್ನೂ ನಡೆಸುವವರಿಗೆ ಇದು ಸಣ್ಣ ಕಿರಿಕಿರಿಯಲ್ಲ. ಡೇಟಾ ಅವರದು, ಫೋನಿನ ಜಾಗ ಅವರದು, ಅವರನ್ನು ಕೇಳಿದವರು ಮಾತ್ರ ಯಾರೂ ಇಲ್ಲ.

ಬಂದ ಗೇಮನ್ನು ಅಳಿಸುತ್ತಾ ಹೋದರೆ ಇದು ನಿಲ್ಲುವುದಿಲ್ಲ. ಯಾವ ಗೇಮೂ ತಾನಾಗಿ ಬರುವುದಿಲ್ಲ. ಫೋನಿನೊಳಗೆ ಮೊದಲೇ ಇರುವ ಯಾವುದೋ ಆ್ಯಪ್ ಅದನ್ನು ತಂದು ಹಾಕಿರುತ್ತದೆ. ಆ ಆ್ಯಪ್ ಯಾವುದೆಂದು ಕಂಡುಹಿಡಿದು ಅದರ ಕೈ ಕಟ್ಟುವುದೇ ನಿಜವಾದ ಪರಿಹಾರ.

ಮೊದಲು ಅಳಿಸಬೇಡಿ, ಓದಿ

ಬೇಡದ ಗೇಮ್ ಕಂಡ ಕೂಡಲೇ ಅನ್‌ಇನ್‌ಸ್ಟಾಲ್ ಒತ್ತಬೇಡಿ. ಅದರ ಐಕಾನ್ ಮೇಲೆ ಬೆರಳನ್ನು ಒತ್ತಿ ಹಿಡಿದು ‘ಆ್ಯಪ್ ಇನ್ಫೋ’ ತೆರೆಯಿರಿ. ಆ ಪುಟದಲ್ಲಿ ಕೊನೆಯವರೆಗೆ ಕೆಳಗೆ ಹೋದರೆ ಹೆಚ್ಚಿನ ಆಂಡ್ರಾಯ್ಡ್ ಫೋನ್‌ಗಳಲ್ಲಿ ‘ಆ್ಯಪ್ ಡಿಟೇಲ್ಸ್’ ಎಂಬ ಸಾಲು ಸಿಗುತ್ತದೆ. ಈ ಆ್ಯಪ್ ಎಲ್ಲಿಂದ ಬಂತು ಎಂಬುದು ಅಲ್ಲೇ ಬರೆದಿರುತ್ತದೆ: ಗೂಗಲ್ ಪ್ಲೇ ಸ್ಟೋರ್, ಗ್ಯಾಲಕ್ಸಿ ಸ್ಟೋರ್, ಗೆಟ್‌ಆ್ಯಪ್ಸ್, ಆ್ಯಪ್ ಮಾರ್ಕೆಟ್, ವಿ-ಆ್ಯಪ್‌ಸ್ಟೋರ್ ಹೀಗೆ. ಫೋನ್ ರಿಪೇರಿ ಅಂಗಡಿಗೆ ಓಡುವ ಮುಂಚೆ ಈ ಒಂದು ಸಾಲು ನೋಡಿಕೊಳ್ಳಿ. ಮುಂದೆ ಏನು ಮಾಡಬೇಕೆಂಬುದು ಅಲ್ಲಿ ಕಂಡ ಹೆಸರನ್ನು ಅವಲಂಬಿಸಿದೆ. ಹೆಸರನ್ನು ಬರೆದಿಟ್ಟುಕೊಂಡ ಮೇಲೆ ಗೇಮನ್ನು ಅಳಿಸಬಹುದು.

ಕಂಪನಿಯೇ ಒಳಗಿಟ್ಟ ಆ್ಯಪ್

ಕಡಿಮೆ ಬೆಲೆಯ ಫೋನ್‌ಗಳಲ್ಲಿ ನಾನು ಮೊದಲು ಅನುಮಾನಿಸುವುದು ಫೋನ್ ತಯಾರಕರು ಜೊತೆಯಲ್ಲೇ ಕಳಿಸಿದ ಸ್ಟೋರನ್ನು ಮತ್ತು ಶಿಫಾರಸು ಆ್ಯಪ್‌ಗಳನ್ನು. ಇದರ ಹಿಂದೆ ನೇರವಾದ ಲೆಕ್ಕಾಚಾರವಿದೆ. ಗೇಮ್ ಕಂಪನಿಗಳು ತಮ್ಮ ಆಟ ಇನ್‌ಸ್ಟಾಲ್ ಆದಷ್ಟು ಸಲ ಹಣ ಕೊಡುತ್ತವೆ. ಫೋನ್ ಮಾರಾಟದಲ್ಲಿ ಉಳಿಯುವ ಲಾಭ ತೀರಾ ತೆಳು. ಹಾರ್ಡ್‌ವೇರ್‌ನಿಂದ ಬರುವ ನಿವ್ವಳ ಲಾಭ ಶೇ 5ನ್ನು ಮೀರದಂತೆ ನೋಡಿಕೊಳ್ಳುತ್ತೇವೆ ಎಂದು ಶವೋಮಿ 2018ರಲ್ಲಿ ಬಹಿರಂಗವಾಗಿಯೇ ಹೇಳಿತ್ತು. ಉಳಿದ ಆದಾಯಕ್ಕೆ ಜಾಹೀರಾತು ಮತ್ತು ಇಂಟರ್ನೆಟ್ ಸೇವೆಗಳೇ ದಾರಿ. ಅಗ್ಗದ ಫೋನಿನ ಬೆಲೆಯ ಒಂದು ಪಾಲನ್ನು ಹೀಗೆ ನಮ್ಮ ಪರದೆ ತೀರಿಸುತ್ತಿದೆ.

ಇವು ಕೇಳದೆ ಇನ್‌ಸ್ಟಾಲ್ ಮಾಡಲು ಹೇಗೆ ಸಾಧ್ಯ? ನೀವು ಹಾಕಿಕೊಂಡ ಸಾಮಾನ್ಯ ಆ್ಯಪ್ ಇನ್ನೊಂದು ಆ್ಯಪನ್ನು ಹಾಕಹೊರಟರೆ ಆಂಡ್ರಾಯ್ಡ್ ತಡೆದು, ‘ಇನ್‌ಸ್ಟಾಲ್ ಮಾಡಲೇ?’ ಎಂದು ನಿಮ್ಮನ್ನು ಕೇಳುತ್ತದೆ. ಕಾರ್ಖಾನೆಯಲ್ಲೇ ಸಿಸ್ಟಮ್‌ನ ಭಾಗವಾಗಿ ಒಳಸೇರಿದ ಆ್ಯಪ್‌ಗೆ ಆ ಪ್ರಶ್ನೆ ಇಲ್ಲದೆ ಇನ್‌ಸ್ಟಾಲ್ ಮಾಡುವ ವಿಶೇಷ ಅನುಮತಿ ಕೊಡಲು ತಯಾರಕರಿಗೆ ಸಾಧ್ಯವಿದೆ. ಪ್ಲೇ ಸ್ಟೋರ್ ಕೆಲಸ ಮಾಡುವುದೂ ಅದೇ ಅನುಮತಿಯಿಂದ. ವ್ಯತ್ಯಾಸ ಇಷ್ಟೇ, ಪ್ಲೇ ಸ್ಟೋರ್‌ನಲ್ಲಿ ಬಟನ್ ಒತ್ತುವವರು ನೀವು.

ಹೊಸ ಫೋನನ್ನು ಮೊದಲ ಸಲ ಆನ್ ಮಾಡಿದಾಗ, ದೊಡ್ಡ ಅಪ್‌ಡೇಟ್ ಮುಗಿದ ಮೇಲೆ, ‘ನಿಮಗಾಗಿ ಆ್ಯಪ್‌ಗಳು’ ಎಂಬಂಥ ಪುಟವೊಂದು ಬರುತ್ತದೆ. ಅದರಲ್ಲಿ ಹತ್ತಾರು ಆ್ಯಪ್‌ಗಳ ಎದುರು ಮೊದಲೇ ಟಿಕ್ ಹಾಕಿರಬಹುದು. ‘ನೆಕ್ಸ್ಟ್, ನೆಕ್ಸ್ಟ್’ ಎಂದು ಒತ್ತುತ್ತಾ ಹೋದರೆ ಅಷ್ಟೂ ಇಳಿಯುತ್ತವೆ. ಅಂಗಡಿಯ ಹುಡುಗ ಫೋನ್ ಸೆಟಪ್ ಮಾಡಿಕೊಡುವಾಗ ಆಗುವುದೂ ಇದೇ. ಆ ಪುಟದಲ್ಲಿ ನಿಂತು, ಒಂದೊಂದೇ ಟಿಕ್ ತೆಗೆದು, ‘ಸ್ಕಿಪ್’ ಇದ್ದರೆ ಅದನ್ನೇ ಒತ್ತಿ. ಸೆಟಪ್ ಅನ್ನು ನೀವೇ ಮಾಡಿಕೊಳ್ಳುವುದು ಇನ್ನೂ ಒಳ್ಳೆಯದು.

ಸ್ಯಾಮ್ಸಂಗ್‌ನ ಎ, ಎಂ, ಎಫ್ ಸರಣಿಯ ಹಲವು ಫೋನ್‌ಗಳಲ್ಲಿ ‘ಆ್ಯಪ್‌ಕ್ಲೌಡ್’ ಎಂಬ ಶಿಫಾರಸು ಆ್ಯಪ್ ಇರುತ್ತದೆ. ಇದು ಇಸ್ರೇಲಿನ ಐರನ್‌ಸೋರ್ಸ್ ಕಂಪನಿಯದು. ಆ ಕಂಪನಿ 2022ರಲ್ಲಿ ಗೇಮ್ ತಂತ್ರಾಂಶದ ಕಂಪನಿ ಯೂನಿಟಿ ಜೊತೆ ಸೇರಿತು. ಹೋಮ್ ಸ್ಕ್ರೀನಿನಲ್ಲಿ ಇದರ ಐಕಾನ್ ಹುಡುಕಿದರೆ ಸಿಗುವುದಿಲ್ಲ. ಸೆಟ್ಟಿಂಗ್ಸ್‌ನಲ್ಲಿ ‘ಆ್ಯಪ್ಸ್’ ತೆರೆದು ಪಟ್ಟಿಯಲ್ಲಿ ಹುಡುಕಿ. ಕಾಣದಿದ್ದರೆ ಪಟ್ಟಿಯ ಫಿಲ್ಟರ್‌ನಲ್ಲಿ ‘ಶೋ ಸಿಸ್ಟಮ್ ಆ್ಯಪ್ಸ್’ ಆನ್ ಮಾಡಿ. ಸಿಕ್ಕಿದ ಮೇಲೆ ‘ಡಿಸೇಬಲ್’ ಒತ್ತಿ. ಇದರಿಂದ ಕರೆ, ಮೆಸೇಜ್, ಕ್ಯಾಮೆರಾ ಯಾವುದಕ್ಕೂ ತೊಂದರೆಯಿಲ್ಲ. ಪ್ರತಿ ದೊಡ್ಡ ಅಪ್‌ಡೇಟ್ ನಂತರ ಅದು ಡಿಸೇಬಲ್ ಆಗಿಯೇ ಇದೆಯೇ ಎಂದು ಇನ್ನೊಮ್ಮೆ ನೋಡಿ. ಗ್ಯಾಲಕ್ಸಿ ಸ್ಟೋರ್‌ನ ಸೆಟ್ಟಿಂಗ್ಸ್‌ಗೆ ಹೋಗಿ ಪ್ರಚಾರದ ನೋಟಿಫಿಕೇಷನ್‌ಗಳನ್ನೂ ಆಫ್ ಮಾಡಿಬಿಡಿ.

ಶವೋಮಿ, ರೆಡ್‌ಮಿ, ಪೊಕೊ ಇದ್ದವರು ಸ್ವಲ್ಪ ತಾಳ್ಮೆ ಇಟ್ಟುಕೊಳ್ಳಬೇಕು. ಮೂರು ಕಡೆ ಕೆಲಸವಿದೆ. ಹೋಮ್ ಸ್ಕ್ರೀನಿನ ಫೋಲ್ಡರ್ ತೆರೆದು ಅದರ ಹೆಸರಿನ ಮೇಲೆ ಒತ್ತಿದರೆ ಶಿಫಾರಸು ಆ್ಯಪ್‌ಗಳ ಸ್ವಿಚ್ ಕಾಣಿಸಬಹುದು, ಅದನ್ನು ಆಫ್ ಮಾಡಿ. ಆಮೇಲೆ ಗೆಟ್‌ಆ್ಯಪ್ಸ್ ತೆರೆದು ಅದರ ಸೆಟ್ಟಿಂಗ್ಸ್‌ನಲ್ಲಿ ‘ರೆಕಮೆಂಡೇಷನ್ಸ್’ ಆಫ್ ಮಾಡಿ. ಮೂರನೆಯದು ‘ಎಂಎಸ್‌ಎ’ ಎಂಬ ಜಾಹೀರಾತು ಸೇವೆ. ಸೆಟ್ಟಿಂಗ್ಸ್‌ನಲ್ಲಿ ‘ಆಥರೈಸೇಷನ್ ಆ್ಯಂಡ್ ರಿವೋಕೇಷನ್’ ಹುಡುಕಿ, ಎಂಎಸ್‌ಎ ಎದುರಿನ ಸ್ವಿಚ್ ಆಫ್ ಮಾಡಿ. ಹತ್ತು ಸೆಕೆಂಡ್ ಕಾಯಿಸಿ ಆಮೇಲೆ ‘ರಿವೋಕ್’ ಒತ್ತಲು ಬಿಡುತ್ತದೆ. ಮೊದಲ ಸಲ ‘ಆಗಲಿಲ್ಲ’ ಎಂದು ತೋರಿಸಿದರೆ ಕೈಬಿಡಬೇಡಿ. ಇಂಟರ್ನೆಟ್ ಆನ್ ಇರಲಿ, ಮತ್ತೆ ಮತ್ತೆ ಪ್ರಯತ್ನಿಸಿದರೆ ಒಪ್ಪಿಕೊಳ್ಳುತ್ತದೆ. ಗೆಟ್‌ಆ್ಯಪ್ಸ್‌ಗೆ ಡಿಸೇಬಲ್ ಬಟನ್ ಸಿಗದಿದ್ದರೆ ಅದರ ಆ್ಯಪ್ ಇನ್ಫೋದಲ್ಲಿ ಡೇಟಾ ಬಳಕೆಯ ನಿರ್ಬಂಧ ಇದೆಯೇ ನೋಡಿ, ವೈಫೈ ಮತ್ತು ಮೊಬೈಲ್ ಡೇಟಾ ಎರಡರ ಟಿಕ್ಕನ್ನೂ ತೆಗೆಯಿರಿ. ನೆಟ್ ಸಿಗದ ಆ್ಯಪ್ ಹೊಸ ಗೇಮನ್ನು ಎಲ್ಲಿಂದ ತಂದೀತು?

ರಿಯಲ್‌ಮಿ, ಒಪ್ಪೊ, ವಿವೊ ಫೋನ್‌ಗಳಲ್ಲಿ ‘ಹಾಟ್ ಆ್ಯಪ್ಸ್’, ‘ಹಾಟ್ ಗೇಮ್ಸ್’ ಎಂಬ ಫೋಲ್ಡರ್‌ಗಳು ಪ್ರಸಿದ್ಧ. ಅಲ್ಲಿ ಕಾಣುವ ಐಕಾನ್‌ಗಳಲ್ಲಿ ಎಷ್ಟೋ ಇನ್ನೂ ಇಳಿದ ಗೇಮ್‌ಗಳಲ್ಲ, ಮುಟ್ಟಿದರೆ ಇಳಿಯುವ ಜಾಹೀರಾತುಗಳು. ಫೋಲ್ಡರ್ ತೆಗೆಯಲು ಇರುವ ಸ್ವಿಚ್ ಒಂದೊಂದು ಮಾದರಿಯಲ್ಲಿ ಒಂದೊಂದು ಕಡೆ ಇರುತ್ತದೆ. ದಾರಿ ಹುಡುಕಿ ಸುಸ್ತಾಗುವ ಬದಲು ಸೆಟ್ಟಿಂಗ್ಸ್‌ನ ಮೇಲಿರುವ ಹುಡುಕಾಟದ ಪಟ್ಟಿಯಲ್ಲಿ ಇಂಗ್ಲಿಷಿನಲ್ಲಿ ‘ರೆಕಮೆಂಡ್’ ಎಂದೋ ‘ಸಜೆಷನ್’ ಎಂದೋ ಟೈಪ್ ಮಾಡಿ. ಬಂದ ಸ್ವಿಚ್‌ಗಳನ್ನೆಲ್ಲ ಓದಿ ಆಫ್ ಮಾಡಿ. ಈ ಉಪಾಯ ಯಾವ ಕಂಪನಿಯ ಫೋನಿಗೂ ನಡೆಯುತ್ತದೆ, ಮೆನು ಬದಲಾದರೂ ಕೈಕೊಡುವುದಿಲ್ಲ.

ಲಾಕ್ ಸ್ಕ್ರೀನಿನಲ್ಲಿ ತಾನಾಗಿ ಬದಲಾಗುವ ಚಿತ್ರಗಳ ಮೇಲೂ ಕಣ್ಣಿರಲಿ. ‘ಗ್ಲಾನ್ಸ್’ ಎಂಬ ಈ ಸೇವೆ ಬೆಂಗಳೂರಿನಲ್ಲಿ ಬೆಳೆದ ಇನ್‌ಮೊಬಿ ಬಳಗದ್ದು. ಚಿತ್ರ, ಸುದ್ದಿಯ ಜೊತೆ ಗೇಮ್‌ಗಳನ್ನೂ ತೋರಿಸುತ್ತದೆ. ಜೇಬಿನಿಂದ ತೆಗೆಯುವಾಗ ಬೆರಳು ತಾಗಿದರೂ ಬೇಡದ ಪುಟ ತೆರೆದುಕೊಳ್ಳುತ್ತದೆ. ಲಾಕ್ ಸ್ಕ್ರೀನ್ ಸೆಟ್ಟಿಂಗ್ಸ್‌ಗೆ ಹೋಗಿ ಆಫ್ ಮಾಡಿ, ನಿಮ್ಮ ಮನೆಯವರ ಫೋಟೊ ಹಾಕಿಕೊಳ್ಳಿ.

ಒಂದು ಎಚ್ಚರಿಕೆ ಇಲ್ಲಿ ಅಗತ್ಯ. ಡಿಸೇಬಲ್ ಮಾಡುವ ಉತ್ಸಾಹದಲ್ಲಿ ‘ಗೂಗಲ್ ಪ್ಲೇ ಸರ್ವಿಸಸ್’, ‘ಪ್ಯಾಕೇಜ್ ಇನ್‌ಸ್ಟಾಲರ್’ ಅಥವಾ ಅರ್ಥವಾಗದ ಹೆಸರಿನ ಸಿಸ್ಟಮ್ ಆ್ಯಪ್‌ಗಳನ್ನು ಮುಟ್ಟಬೇಡಿ.

ಪ್ಲೇ ಸ್ಟೋರ್‌ನಿಂದ ಬಂದಿದ್ದರೆ

ಆ್ಯಪ್ ಡಿಟೇಲ್ಸ್ ಸಾಲಿನಲ್ಲಿ ಪ್ಲೇ ಸ್ಟೋರ್ ಹೆಸರಿದ್ದರೆ ಮೊದಲು ಕೇಳಬೇಕಾದ ಪ್ರಶ್ನೆ, ನಿಮ್ಮ ಗೂಗಲ್ ಅಕೌಂಟ್ ಇನ್ನೆಷ್ಟು ಫೋನ್‌ಗಳಲ್ಲಿದೆ? ಅಪ್ಪನ ಜಿಮೇಲ್ ಒಂದೇ ಇದ್ದು, ಅದನ್ನೇ ಅಮ್ಮನ ಫೋನಿಗೂ ಮಗನ ಟ್ಯಾಬಿಗೂ ಹಾಕಿರುವ ಮನೆಗಳು ಬಹಳ. ಪ್ಲೇ ಸ್ಟೋರ್‌ನಲ್ಲಿ ಒಂದು ಸಾಧನದಿಂದ ಇನ್ನೊಂದಕ್ಕೆ ಆ್ಯಪ್ ಕಳಿಸುವ ಸೌಲಭ್ಯವಿದೆ, ಒಂದರಲ್ಲಿ ಹಾಕಿದ್ದು ಉಳಿದವಕ್ಕೂ ಬರುವಂತೆ ಮಾಡುವ ಆಯ್ಕೆಯೂ ಇದೆ. ಪ್ಲೇ ಸ್ಟೋರ್ ತೆರೆದು ನಿಮ್ಮ ಪ್ರೊಫೈಲ್ ಚಿತ್ರ ಒತ್ತಿ, ‘ಮ್ಯಾನೇಜ್ ಆ್ಯಪ್ಸ್ ಆ್ಯಂಡ್ ಡಿವೈಸ್’ಗೆ ಹೋಗಿ. ಅಲ್ಲಿ ‘ಸಿಂಕ್ ಆ್ಯಪ್ಸ್ ಟು ಡಿವೈಸಸ್’ ಕಂಡರೆ ಅದನ್ನು ಆಫ್ ಮಾಡಿ. ಎಲ್ಲಕ್ಕಿಂತ ಒಳ್ಳೆಯದು ಒಬ್ಬೊಬ್ಬರಿಗೂ ಒಂದೊಂದು ಅಕೌಂಟ್ ಮಾಡಿಕೊಡುವುದು.

ಹೊಸ ಫೋನಿಗೆ ಹಳೆಯ ಫೋನಿನ ಬ್ಯಾಕಪ್ ತಂದಾಗ ಅಳಿಸದೆ ಬಿಟ್ಟಿದ್ದ ಗೇಮ್‌ಗಳೂ ಹಿಂದೆಯೇ ಬರುತ್ತವೆ; ಬ್ಯಾಕಪ್ ತರುವ ಪುಟದಲ್ಲಿ ಬೇಕಾದ ಆ್ಯಪ್‌ಗಳನ್ನಷ್ಟೇ ಆರಿಸಬಹುದು. ಬಿಡುಗಡೆಗೆ ಮೊದಲೇ ‘ಪ್ರಿ-ರಿಜಿಸ್ಟರ್’ ಮಾಡಿಸಿಕೊಳ್ಳುವ ಆಟಗಳಲ್ಲಿ, ಬಿಡುಗಡೆಯಾದ ದಿನ ತಾನಾಗಿ ಇನ್‌ಸ್ಟಾಲ್ ಆಗಲಿ ಎಂಬ ಆಯ್ಕೆ ಇರುತ್ತದೆ. ತಿಂಗಳುಗಳ ಹಿಂದೆ ಮಗ ಒತ್ತಿದ್ದು ಇವತ್ತು ಇಳಿಯಬಹುದು. ಆ ಆಟದ ಪುಟಕ್ಕೆ ಹೋಗಿ ನೋಂದಣಿ ರದ್ದು ಮಾಡಿದರೆ ಆಯಿತು.

ಬಹಳ ಜನ ತಪ್ಪು ತಿಳಿಯುವ ವಿಷಯ ‘ಆಟೊ-ಅಪ್‌ಡೇಟ್’. ಅದನ್ನು ಆಫ್ ಮಾಡಿದರೆ ಹೊಸ ಗೇಮ್ ಬರುವುದು ನಿಲ್ಲುವುದಿಲ್ಲ, ಏಕೆಂದರೆ ಅದು ಈಗಾಗಲೇ ಇರುವ ಆ್ಯಪ್‌ಗಳನ್ನು ಹೊಸದು ಮಾಡುತ್ತದೆ ಅಷ್ಟೇ. ನಷ್ಟ ಮಾತ್ರ ಖಚಿತ: ಬ್ಯಾಂಕ್ ಆ್ಯಪ್, ಯುಪಿಐ ಆ್ಯಪ್ ಹಳೆಯದಾಗಿ ಉಳಿಯುತ್ತವೆ. ಡೇಟಾ ಉಳಿಸಬೇಕಿದ್ದರೆ ‘ವೈಫೈ ಇದ್ದಾಗ ಮಾತ್ರ’ ಎಂದು ಇಡಿ, ಪೂರ್ತಿ ಆಫ್ ಮಾಡಬೇಡಿ.

ಮಕ್ಕಳ ಬೆರಳಿನಿಂದ ಇಳಿಯುವ ಗೇಮ್‌ಗಳೂ ಇವೆ, ಅದಕ್ಕೆ ಮಕ್ಕಳನ್ನು ದೂರಿ ಫಲವಿಲ್ಲ. ಒಂದು ಆಟದ ನಡುವೆ ಇನ್ನೊಂದರ ಜಾಹೀರಾತು ಪೂರ್ತಿ ಪರದೆ ತುಂಬುತ್ತದೆ; ಮುಚ್ಚುವ ಗುರುತು ಸಾಸಿವೆಯಷ್ಟು ಚಿಕ್ಕದು, ‘ಇನ್‌ಸ್ಟಾಲ್’ ಅಂಗೈ ಅಗಲದ್ದು. ಐದು ವರ್ಷದ ಮಗು ಯಾವುದನ್ನು ಮುಟ್ಟೀತು ಎಂದು ಬಲ್ಲವರೇ ಅದನ್ನು ಹಾಗೆ ಮಾಡಿರುತ್ತಾರೆ. ಮಗುವಿನ ಕೈಗೆ ಫೋನ್ ಕೊಡುವಾಗ ಸೆಟ್ಟಿಂಗ್ಸ್‌ನ ಸೆಕ್ಯುರಿಟಿ ವಿಭಾಗದಲ್ಲಿರುವ ‘ಆ್ಯಪ್ ಪಿನ್ನಿಂಗ್’ ಬಳಸಿ, ಒಂದೇ ಆ್ಯಪನ್ನು ಪರದೆಗೆ ಕಟ್ಟಿಹಾಕಬಹುದು. ಹೊರಬರಲು ಪಿನ್ ಕೇಳುವಂತೆ ಮಾಡಿ. ಮಗುವಿಗೇ ಬೇರೆ ಫೋನಿದ್ದರೆ ಗೂಗಲ್‌ನ ‘ಫ್ಯಾಮಿಲಿ ಲಿಂಕ್’ ಹಾಕಿ. ಪ್ರತಿ ಹೊಸ ಆ್ಯಪಿಗೂ ನಿಮ್ಮ ಒಪ್ಪಿಗೆ ಬೇಕೆಂದು ಇಡಬಹುದು.

ಎಪಿಕೆ ಆಗಿ ಬಂದಿದ್ದರೆ

ಆ್ಯಪನ್ನು ಇನ್‌ಸ್ಟಾಲ್ ಮಾಡುವ ಫೈಲೇ ಎಪಿಕೆ. ಗೇಮ್ ಅಂಥ ಫೈಲಾಗಿ ಬಂದದ್ದು ಕ್ರೋಮ್‌ನಿಂದ, ವಾಟ್ಸ್‌ಆ್ಯಪ್‌ನಿಂದ, ಟೆಲಿಗ್ರಾಂನಿಂದ ಎಂದಾದರೆ ಅದನ್ನು ಕಿರಿಕಿರಿ ಎನ್ನಬೇಡಿ, ಅಪಾಯ ಎನ್ನಿ. ಸೆಟ್ಟಿಂಗ್ಸ್‌ನಲ್ಲಿ ‘ಇನ್‌ಸ್ಟಾಲ್ ಅನ್‌ನೋನ್ ಆ್ಯಪ್ಸ್’ ಹುಡುಕಿ. ಆಂಡ್ರಾಯ್ಡ್ 8ರಿಂದ ಈಚೆಗೆ ಈ ಅನುಮತಿಯನ್ನು ಆ್ಯಪ್ ಆ್ಯಪಿಗೂ ಬೇರೆಯಾಗಿ ಕೊಡಬೇಕು. ಬ್ರೌಸರ್, ವಾಟ್ಸ್‌ಆ್ಯಪ್, ಫೈಲ್ ಮ್ಯಾನೇಜರ್ ಎಲ್ಲದರ ಎದುರೂ ‘ನಾಟ್ ಅಲೌಡ್’ ಎಂದೇ ಇರಬೇಕು. ಸ್ಯಾಮ್ಸಂಗ್‌ನ ಹೊಸ ಫೋನ್‌ಗಳಲ್ಲಿ ‘ಆಟೊ ಬ್ಲಾಕರ್’ ಇದೆ, ಆನ್ ಇಟ್ಟುಕೊಳ್ಳಿ. ಪ್ಲೇ ಸ್ಟೋರ್‌ನ ಪ್ರೊಫೈಲ್ ಪುಟದಿಂದ ‘ಪ್ಲೇ ಪ್ರೊಟೆಕ್ಟ್’ ತೆರೆದು ಒಮ್ಮೆ ಸ್ಕ್ಯಾನ್ ಮಾಡಿಸಿ.

ಹಣ ಕಟ್ಟಿ ಆಡುವ ಆಟದ ಎಪಿಕೆ ಆಗಿದ್ದರೆ ಇನ್ನೂ ಹುಷಾರು. 2025ರ ಆಗಸ್ಟ್‌ನಲ್ಲಿ ಸಂಸತ್ತು ಒಪ್ಪಿದ ಆನ್‌ಲೈನ್ ಗೇಮಿಂಗ್ ಕಾಯ್ದೆ ಹಣ ಪಣಕ್ಕಿಡುವ ಆಟಗಳನ್ನೂ ಅವುಗಳ ಜಾಹೀರಾತನ್ನೂ ನಿಷೇಧಿಸಿದೆ. ‘ಬೋನಸ್ ಬಂದಿದೆ, ಇಳಿಸಿಕೊಳ್ಳಿ’ ಎಂಬ ಲಿಂಕ್ ಯಾರೇ ಕಳಿಸಿರಲಿ, ತೆರೆಯಬೇಡಿ.

ಕೆಲವು ಆ್ಯಪ್‌ಗಳಲ್ಲಿ ಅನ್‌ಇನ್‌ಸ್ಟಾಲ್ ಬಟನ್ ಮಸುಕಾಗಿ ಒತ್ತಲಾಗದಂತೆ ಇರುತ್ತದೆ. ‘ಡಿವೈಸ್ ಅಡ್ಮಿನ್ ಆ್ಯಪ್ಸ್’ ಎಂದು ಹುಡುಕಿ, ಅಲ್ಲಿ ಅದರ ಹೆಸರಿದ್ದರೆ ಟಿಕ್ ತೆಗೆದು ಆಮೇಲೆ ಅಳಿಸಿ. ಅದಕ್ಕೂ ಬಗ್ಗದೆ ಜಾಹೀರಾತು ಮೇಲೆ ಮೇಲೆ ಬಂದು ಕೆಲಸ ಮಾಡಲು ಬಿಡದಿದ್ದರೆ ಫೋನನ್ನು ‘ಸೇಫ್ ಮೋಡ್’ನಲ್ಲಿ ಆನ್ ಮಾಡಿ. ಬಹಳಷ್ಟು ಫೋನ್‌ಗಳಲ್ಲಿ ಪವರ್ ಮೆನು ತೆರೆದು ‘ಪವರ್ ಆಫ್’ ಅಥವಾ ‘ರೀಸ್ಟಾರ್ಟ್’ ಅನ್ನು ಒತ್ತಿ ಹಿಡಿದರೆ ಈ ಆಯ್ಕೆ ಬರುತ್ತದೆ. ಆ ಸ್ಥಿತಿಯಲ್ಲಿ ಹೊರಗಿನಿಂದ ಹಾಕಿದ ಆ್ಯಪ್‌ಗಳು ಓಡುವುದಿಲ್ಲ, ನೆಮ್ಮದಿಯಾಗಿ ಅಳಿಸಬಹುದು. ಇದಕ್ಕೆಂದು ‘ಕ್ಲೀನರ್’, ‘ಬೂಸ್ಟರ್’ ಹೆಸರಿನ ಆ್ಯಪ್ ಹಾಕಿಕೊಳ್ಳಬೇಡಿ. ಅವುಗಳಲ್ಲಿ ಎಷ್ಟೋ ಬದುಕುವುದೇ ಇಂಥ ಜಾಹೀರಾತಿನಿಂದ.

ಐಫೋನ್ ಇರುವವರಿಗೆ ಕೆಲಸ ಕಡಿಮೆ. ಆ್ಯಪ್ ಸ್ಟೋರ್ ಸೆಟ್ಟಿಂಗ್ಸ್‌ನ ‘ಆಟೊಮ್ಯಾಟಿಕ್ ಡೌನ್‌ಲೋಡ್ಸ್’ ಕೆಳಗೆ ‘ಆ್ಯಪ್ ಡೌನ್‌ಲೋಡ್ಸ್’ ಆಫ್ ಮಾಡಿದರೆ ಮನೆಯ ಐಪ್ಯಾಡಿನಲ್ಲಿ ಹಾಕಿದ್ದು ಇಲ್ಲಿಗೆ ಬರುವುದಿಲ್ಲ.

ಇಷ್ಟೆಲ್ಲ ಮಾಡಿಯೂ ಕಂಪನಿಯ ಆ್ಯಪ್ ಗೇಮ್ ಇಳಿಸುತ್ತಲೇ ಇದ್ದರೆ ಸುಮ್ಮನಿರಬೇಡಿ. ಬಳಕೆದಾರರನ್ನು ದಾರಿತಪ್ಪಿಸಿ ಒಪ್ಪಿಸುವ ವಿನ್ಯಾಸಗಳ ವಿರುದ್ಧ ಕೇಂದ್ರ ಗ್ರಾಹಕ ರಕ್ಷಣಾ ಪ್ರಾಧಿಕಾರ 2023ರ ನವೆಂಬರ್ 30ರಂದು ಮಾರ್ಗಸೂಚಿ ಹೊರಡಿಸಿ ಅಂಥ 13 ಬಗೆಗಳನ್ನು ಪಟ್ಟಿ ಮಾಡಿದೆ. ಮುಸುಕು ಹಾಕಿದ ಜಾಹೀರಾತು, ಬಿಡದೆ ಪೀಡಿಸುವುದು ಎರಡೂ ಅದರಲ್ಲಿವೆ. ಗೇಮ್ ಬಂದ ದಿನದ ಸ್ಕ್ರೀನ್‌ಶಾಟ್, ಆ್ಯಪ್ ಡಿಟೇಲ್ಸ್ ಸಾಲಿನ ಸ್ಕ್ರೀನ್‌ಶಾಟ್, ಫೋನಿನ ಬಿಲ್ ಮೂರನ್ನೂ ಕೈಯಲ್ಲಿಟ್ಟುಕೊಂಡು ರಾಷ್ಟ್ರೀಯ ಗ್ರಾಹಕ ಸಹಾಯವಾಣಿ 1915ಕ್ಕೆ ಕರೆ ಮಾಡಿ. ಕನ್ನಡದಲ್ಲೇ ದೂರು ಹೇಳಬಹುದು. ಎಪಿಕೆ ಹಾಕಿದ ಮೇಲೆ ಖಾತೆಯಿಂದ ಹಣ ಹೋಗಿದ್ದರೆ ಮಾತ್ರ 1915 ಅಲ್ಲ, ತಡಮಾಡದೆ ಸೈಬರ್ ಅಪರಾಧ ಸಹಾಯವಾಣಿ 1930ಕ್ಕೆ ಕರೆ ಮಾಡಿ, ಆಮೇಲೆ ಬ್ಯಾಂಕಿಗೂ ತಿಳಿಸಿ.