ಬಿದ್ದದ್ದಲ್ಲ, ಗುದ್ದಿದ್ದು

ಪ್ರಶ್ನೆ: ನನ್ನ ತಂಗಿ ಸ್ಕೂಟರಿನ ಹಿಂದಿನ ಸೀಟಿನಲ್ಲಿ ಕೂತು ಕಮಲಾಪುರದಿಂದ ಕಲಬುರಗಿಗೆ ಹೊರಟಿದ್ದಳು. ದಾರಿಯಲ್ಲಿ ಪಿಕಪ್ ಗಾಡಿ ಗುದ್ದಿ ಕಾಲಿನ ಮೂಳೆ ಮುರಿಯಿತು. ಕಲಬುರಗಿಯ ಆಸ್ಪತ್ರೆಯೊಂದರ ಡಿಸ್ಚಾರ್ಜ್ ಕಾಗದದಲ್ಲಿ ‘ಎಸ್82.2, ವಿ28.4’ ಎಂದು ಬರೆದಿದ್ದಾರೆ. ಏನಿದು? ಪರಿಹಾರದ ಕೇಸಿಗೆ ಇದರಿಂದ ತೊಂದರೆ ಆದೀತೇ?
– ಓದುಗರೊಬ್ಬರು, ಕಮಲಾಪುರ

ಉತ್ತರ: ಮೊದಲನೆಯ ಸಂಕೇತ ಸರಿಯಾಗಿದೆ, ಎರಡನೆಯದು ತಪ್ಪಾಗಿದೆ. ಆ ತಪ್ಪನ್ನು ದಯವಿಟ್ಟು ಹಾಗೇ ಬಿಡಬೇಡಿ.

ಇವು ವಿಶ್ವ ಆರೋಗ್ಯ ಸಂಸ್ಥೆಯ ಐಸಿಡಿ-10 ಎಂಬ ರೋಗ ವರ್ಗೀಕರಣದ ಸಂಕೇತಗಳು. 1990ರಲ್ಲಿ ಒಪ್ಪಿಗೆ ಪಡೆದ ಪಟ್ಟಿ ಅದು. 2022ರ ಜನವರಿಯಿಂದ ಐಸಿಡಿ-11 ಜಾರಿಗೆ ಬಂದಿದ್ದರೂ ನಮ್ಮ ವಿಮಾ ಕಾಗದಗಳಲ್ಲಿ ಓಡಾಡುತ್ತಿರುವುದು ಹಳೆಯದೇ. ಎಸ್ ಅಕ್ಷರದ ಸಂಕೇತ ಗಾಯ ಯಾವುದೆಂದು ಹೇಳುತ್ತದೆ. ಎಸ್82.2 ಅಂದರೆ ಮೊಣಕಾಲ ಕೆಳಗಿನ ದಪ್ಪ ಮೂಳೆ ನಡುವೆ ಮುರಿದಿದೆ. ವಿ ಅಕ್ಷರದ್ದು ಆ ಗಾಯ ಹೇಗಾಯಿತು ಎಂಬುದನ್ನು ಹೇಳುತ್ತದೆ.

ವಿ20ರಿಂದ ವಿ29ರವರೆಗಿನ ಮನೆಗಳು ಬೈಕ್, ಸ್ಕೂಟರ್, ಮೊಪೆಡ್ ಸವಾರರಿಗೆ ಮೀಸಲು. ಎರಡರ ಮುಂದಿನ ಅಂಕಿ ನೋಡಿದರೆ ಡಿಕ್ಕಿಯಾದದ್ದು ಯಾವುದಕ್ಕೆ ಎಂಬುದು ತಿಳಿಯುತ್ತದೆ. ನಾಯಿಯೋ ಎಮ್ಮೆಯೋ ಅಡ್ಡ ಬಂದು ಡಿಕ್ಕಿಯಾದರೆ ವಿ20. ಮೂರು ಚಕ್ರದ ಟಂಟಂ ಗುದ್ದಿದರೆ ವಿ22. ಕಾರು, ಪಿಕಪ್, ವ್ಯಾನ್ ಆದರೆ ವಿ23. ಲಾರಿ, ಬಸ್ಸಿಗೆ ವಿ24, ಗೋಡೆ-ಕಂಬಕ್ಕೆ ವಿ27. ಯಾವುದೂ ತಾಗದೆ, ಉಸುಕಿನಲ್ಲಿ ಗಾಡಿ ಜಾರಿ ತಾನಾಗಿ ಬಿದ್ದರೆ ವಿ28. ಇನ್ನು ಚುಕ್ಕಿಯ ನಂತರದ ಅಂಕಿ: ರಸ್ತೆಯ ಮೇಲಿನ ಅಪಘಾತದಲ್ಲಿ ಗಾಡಿ ಓಡಿಸುತ್ತಿದ್ದವರಿಗೆ 4, ಹಿಂದೆ ಕೂತವರಿಗೆ 5.

ಈಗ ನಿಮ್ಮ ಕಾಗದವನ್ನು ಮತ್ತೊಮ್ಮೆ ಓದಿ. ನಿಮ್ಮ ತಂಗಿಯೇ ಸ್ಕೂಟರ್ ಓಡಿಸುತ್ತಿದ್ದರು, ಯಾರೂ ಗುದ್ದದೆ ತಾವೇ ಬಿದ್ದರು ಎನ್ನುತ್ತಿದೆ ವಿ28.4. ನೀವು ಹೇಳುವ ಪ್ರಕಾರ ಅಲ್ಲಿ ವಿ23.5 ಇರಬೇಕಿತ್ತು.

ಹೀಗೇಕಾಗುತ್ತದೆ? ಗಾಯಾಳುವನ್ನು ಎತ್ತಿಕೊಂಡು ಬಂದವರು ಗಾಬರಿಯಲ್ಲಿ ಕ್ಯಾಶುವಾಲ್ಟಿಯ ಬಾಗಿಲಲ್ಲೇ “ಗಾಡಿ ಮ್ಯಾಲಿಂದ ಬಿದ್ದಾಳ್ರೀ” ಅನ್ನುತ್ತಾರೆ. ಡ್ಯೂಟಿ ಡಾಕ್ಟರ ಕಣ್ಣು ರಕ್ತದ ಮೇಲೆ, ನಾಡಿಯ ಮೇಲೆ ಇರುತ್ತದೆ, ಇರಬೇಕಾದದ್ದೂ ಅಲ್ಲೇ. ಕೇಸ್ ಶೀಟಿನಲ್ಲಿ ‘ಬೈಕಿನಿಂದ ಬಿದ್ದದ್ದು’ ಎಂಬ ಒಂದು ಸಾಲು ಬೀಳುತ್ತದೆ. ದಿನಗಳ ನಂತರ ರೆಕಾರ್ಡ್ ವಿಭಾಗದ ಕೋಡರ್ ಆ ಸಾಲನ್ನಷ್ಟೇ ನೋಡಿ ಸಂಕೇತ ಹಾಕುತ್ತಾರೆ. ಬರೆದಿರದ ಪಿಕಪ್ಪನ್ನು ಅವರು ಊಹಿಸಿಕೊಂಡು ಸೇರಿಸುವಂತಿಲ್ಲ. ಬರೀ ‘ಆರ್‌ಟಿಎ’ (ರಸ್ತೆ ಅಪಘಾತ) ಎಂದು ಬರೆದಿದ್ದರೆ ವಿ89.2ಕ್ಕೆ ಹೋಗುತ್ತದೆ, ಅಂದರೆ ಯಾವ ವಾಹನವೋ ಯಾರೋ ಗೊತ್ತಿಲ್ಲದ ಅಪಘಾತ. ಅಮೆರಿಕದ ಆವೃತ್ತಿ ತುಂಬಿಸಿದ ಸಾಫ್ಟ್‌ವೇರ್ ಆದರೆ ಇನ್ನೊಂದು ಅಪಾಯವಿದೆ: ‘ಸ್ಕೂಟರ್’ ಎಂದು ಹುಡುಕಿದರೆ ಅಂಗವಿಕಲರ ಮೋಟಾರು ಕುರ್ಚಿಯಂಥ ವಾಹನವೋ, ನಿಂತು ಓಡಿಸುವ ಎಲೆಕ್ಟ್ರಿಕ್ ಹಲಗೆಯೋ ಮುಂದೆ ಬಂದು ನಿಲ್ಲುತ್ತದೆ. ನಂಬರ್ ಪ್ಲೇಟಿನ ಸ್ಕೂಟರಿಗೂ ಅವುಗಳಿಗೂ ಸಂಬಂಧವಿಲ್ಲ.

ಕೇಸಿನ ವಿಚಾರ. ಮೋಟಾರು ಅಪಘಾತ ಪರಿಹಾರ ನ್ಯಾಯಮಂಡಳಿ ಸಂಕೇತವೊಂದನ್ನೇ ನೋಡಿ ತೀರ್ಪು ಕೊಡುವುದಿಲ್ಲ. ಎಫ್‌ಐಆರ್, ಪಂಚನಾಮೆ, ಗಾಯದ ಪ್ರಮಾಣಪತ್ರ, ಸಾಕ್ಷಿ ಎಲ್ಲವೂ ಮುಂದೆ ಇರುತ್ತವೆ. ಆದರೆ ವಿಮಾ ಕಂಪನಿಯ ವಕೀಲರು ಮೊದಲು ತರಿಸಿಕೊಳ್ಳುವುದೇ ಆಸ್ಪತ್ರೆಯ ಕೇಸ್ ಶೀಟ್. ‘ತಾನಾಗಿ ಬಿದ್ದದ್ದು’ ಎಂಬ ಸಾಲು ಸಿಕ್ಕರೆ ಪಿಕಪ್ ಗುದ್ದೇ ಇಲ್ಲ ಎಂದು ವಾದಿಸುತ್ತಾರೆ. ಹಿಂದೆ ಕೂತವರನ್ನು ಚಾಲಕಿ ಎಂದು ಬರೆದಿದ್ದರೆ ಲೈಸೆನ್ಸ್ ಎಲ್ಲಿ ಎಂಬ ಪ್ರಶ್ನೆಯೂ ಏಳುತ್ತದೆ. ನನಗೆ ಚಿಂತೆ ಇರುವುದು ಸಂಕೇತಕ್ಕಿಂತ ಅದರ ಹಿಂದಿನ ಆ ಒಂದು ಸಾಲಿನ ಬಗ್ಗೆ.

ಇದು ನಿಮ್ಮ ಮನೆಯೊಂದರ ವಿಷಯವೂ ಅಲ್ಲ. ಕೇಂದ್ರ ರಸ್ತೆ ಸಾರಿಗೆ ಸಚಿವಾಲಯದ ಪ್ರಕಾರ 2022ರಲ್ಲಿ ದೇಶದ ರಸ್ತೆಗಳಲ್ಲಿ 1,68,491 ಮಂದಿ ಸತ್ತರು, ಅವರಲ್ಲಿ ಶೇ. 44.5 ದ್ವಿಚಕ್ರ ವಾಹನದವರು. ಅದು ಪೊಲೀಸರ ಲೆಕ್ಕ. ಬದುಕುಳಿದು ಕಾಲು ಮುರಿದುಕೊಂಡವರು ಯಾವ ಗಾಡಿಗೆ ಸಿಕ್ಕರು ಎಂಬುದನ್ನು ಆಸ್ಪತ್ರೆಗಳ ವಿ ಸಂಕೇತ ಹೇಳಬಲ್ಲದು. ನಿಮ್ಮೂರಿನ ಹುಮನಾಬಾದ್ ಕಡೆಯ ಹೆದ್ದಾರಿಯಲ್ಲಿ ಪಿಕಪ್ ಗುದ್ದಿದವರೆಲ್ಲ ‘ತಾನೇ ಬಿದ್ದವರು’ ಎಂದು ದಾಖಲಾದರೆ ಆ ರಸ್ತೆಗೆ ಏನು ಬೇಕೆಂದು ಯಾರಿಗೂ ತಿಳಿಯುವುದಿಲ್ಲ. ಹೆಲ್ಮೆಟ್ ಇತ್ತೋ ಇಲ್ಲವೋ ಎಂಬುದಂತೂ ವಿ23.5ರಲ್ಲೂ ಸಿಗದು, ಅದನ್ನು ಡಾಕ್ಟರು ಬೇರೆಯಾಗಿ ಬರೆಯಬೇಕು.

ಈಗ ಮಾಡಬೇಕಾದದ್ದು: ಮೆಡಿಕಲ್ ಸೂಪರಿಂಟೆಂಡೆಂಟರ ಹೆಸರಿಗೆ ಅರ್ಜಿ ಬರೆದು ಕೇಸ್ ಶೀಟಿನ ಪ್ರತಿ ಕೇಳಿ. 2002ರ ವೈದ್ಯ ವೃತ್ತಿ ನಿಯಮಗಳಂತೆ ಕೇಳಿದ 72 ಗಂಟೆಯೊಳಗೆ ದಾಖಲೆ ಕೊಡಬೇಕು. ಎಫ್‌ಐಆರ್ ಪ್ರತಿ ಲಗತ್ತಿಸಿ, ಹಿಂದಿನ ಸೀಟಿನಲ್ಲಿದ್ದವರು, ಪಿಕಪ್ ಡಿಕ್ಕಿ ಎಂದು ಸೇರಿಸುವಂತೆ ಚಿಕಿತ್ಸೆ ಕೊಟ್ಟ ವೈದ್ಯರನ್ನು ಕೋರಿ. ಹಳೆಯ ಸಾಲನ್ನು ಅಳಿಸಿ ತಿದ್ದುವುದು ಬೇಡ, ಅದು ಕೋರ್ಟಿನಲ್ಲಿ ಇನ್ನೂ ಅನುಮಾನ ಹುಟ್ಟಿಸುತ್ತದೆ. ಕೆಳಗೆ ತಾರೀಖು, ಸಹಿ ಸಹಿತ ಹೊಸ ಟಿಪ್ಪಣಿ ಬರಬೇಕು. ಆಮೇಲೆ ಕೋಡರ್ ಸಂಕೇತ ಬದಲಿಸಬಹುದು. ಮೊದಲು ಕಮಲಾಪುರದ ಆಸ್ಪತ್ರೆಯಲ್ಲಿ ತೋರಿಸಿದ್ದರೆ ಅಲ್ಲಿನ ರೆಫರಲ್ ಚೀಟಿಯನ್ನೂ ಹುಡುಕಿ ತೆಗೆಯಿರಿ. ಅಪಘಾತವಾದ ಕೂಡಲೇ ಬರೆದ ಕಾಗದ ಅದು. ಪಿಕಪ್ ಎಂಬ ಮಾತು ಅದರಲ್ಲಿದ್ದರೆ ವೈದ್ಯರು ಟಿಪ್ಪಣಿ ಬರೆಯಲು ಹಿಂಜರಿಯುವುದಿಲ್ಲ.