ಆಯ್ಕೆ ಪಟ್ಟಿಯಲ್ಲಿ ಹೆಸರಿಲ್ಲವೇ? ಮೊದಲು ಗಡುವು ನೋಡಿ

ಅಂಕ ಕಟ್‌ ಆಫ್‌ ದಾಟಿದೆ, ಪಟ್ಟಿಯಲ್ಲಿ ಮಾತ್ರ ಹೆಸರಿಲ್ಲ. ಇಂಥ ಹೊತ್ತಿನಲ್ಲಿ ಹಲವರು ಶಾಸಕರ ಶಿಫಾರಸು ಪತ್ರ ಹಿಡಿದು ಅಲೆಯುತ್ತಾರೆ. ಅಷ್ಟರಲ್ಲಿ ಆಕ್ಷೇಪಣೆಯ ಅವಧಿ ಮುಗಿದು, ಅಂತಿಮ ಪಟ್ಟಿ ಬಂದು, ಆಯ್ಕೆಯಾದವರು ಕೆಲಸಕ್ಕೂ ಸೇರಿರುತ್ತಾರೆ. ಅಲ್ಲಿಂದ ಹೋರಾಟ ದುಪ್ಪಟ್ಟು ಕಷ್ಟ.

ಮೊದಲ ಕೆಲಸ: ಕಾರಣ ಬರಹದಲ್ಲಿ ಬರಲಿ

ತಾತ್ಕಾಲಿಕ ಪಟ್ಟಿ ಪ್ರಕಟವಾದ ಕೂಡಲೇ, ಅದರಲ್ಲೇ ಹೇಳಿರುವ ದಿನಗಳೊಳಗೆ ಆಕ್ಷೇಪಣೆ ಸಲ್ಲಿಸಿ. ಟಪಾಲು ಶಾಖೆಯಲ್ಲಿ ಕೊಟ್ಟರೆ ನಿಮ್ಮ ಪ್ರತಿಯ ಮೇಲೆ ಮೊಹರು, ದಿನಾಂಕ ಹಾಕಿಸಿಕೊಳ್ಳಿ. ‘ನನಗೆ ಅನ್ಯಾಯವಾಗಿದೆ’ ಎಂದಷ್ಟೇ ಬರೆದರೆ ಸಾಲದು. ಅಧಿಸೂಚನೆಯ ಯಾವ ಕಂಡಿಕೆ, ಯಾವ ಮೀಸಲಾತಿ, ನಿಮ್ಮ ಅಂಕ ಎಷ್ಟು, ನಿಮಗಿಂತ ಕಡಿಮೆ ಅಂಕದ ಯಾವ ನೋಂದಣಿ ಸಂಖ್ಯೆಯವರು ಆಯ್ಕೆಯಾಗಿದ್ದಾರೆ ಎಂಬುದು ಅದರಲ್ಲಿರಬೇಕು. ಬರುವ ಹಿಂಬರಹವನ್ನು ಜೋಪಾನ ಮಾಡಿ. ಮುಂದೆ ನೀವು ಪ್ರಶ್ನಿಸುವುದು ಅದನ್ನೇ.

ಕಾರಣವೇ ತಿಳಿಯದಿದ್ದರೆ ಮಾಹಿತಿ ಹಕ್ಕಿನಡಿ 10 ರೂಪಾಯಿ ಶುಲ್ಕದೊಂದಿಗೆ ಅರ್ಜಿ ಹಾಕಿ. ಉತ್ತರಕ್ಕೆ 30 ದಿನಗಳ ಗಡುವಿದೆ. ತನ್ನ ಉತ್ತರ ಪತ್ರಿಕೆಯನ್ನು ತಾನೇ ನೋಡುವ ಹಕ್ಕು ಅಭ್ಯರ್ಥಿಗಿದೆ ಎಂದು ಸುಪ್ರೀಂ ಕೋರ್ಟ್‌ 2011ರಲ್ಲೇ ಸಿಬಿಎಸ್‌ಇ ಪ್ರಕರಣದಲ್ಲಿ ಹೇಳಿದೆ. ಆದರೆ ಲೋಕಸೇವಾ ಆಯೋಗಗಳ ಪರೀಕ್ಷೆಗಳಲ್ಲಿ ಇದು ತಾನಾಗಿಯೇ ಸಿಗುವ ಹಕ್ಕಲ್ಲ. 2018ರ ಯುಪಿಎಸ್‌ಸಿ ತೀರ್ಪು ಅದನ್ನು ಬಿಗಿ ಮಾಡಿದೆ.

ಪ್ರಕರಣಕ್ಕೆ ಬಲವಿದೆಯೇ?

ನಮ್ಮಲ್ಲಿ ಬಹಳಷ್ಟು ತಕರಾರು ಹುಟ್ಟುವುದು ದಾಖಲೆ ಪರಿಶೀಲನೆಯಲ್ಲಿ. ಒಂದರಿಂದ ಹತ್ತನೇ ತರಗತಿಯವರೆಗೆ ಹಳ್ಳಿಯಲ್ಲೇ ಓದಿದವರು ಎಂದಿಟ್ಟುಕೊಳ್ಳಿ. ಗ್ರಾಮೀಣ ಪ್ರಮಾಣಪತ್ರಕ್ಕೆ ಮುಖ್ಯ ಶಿಕ್ಷಕರ ಸಹಿ ಇದೆ, ಕ್ಷೇತ್ರ ಶಿಕ್ಷಣಾಧಿಕಾರಿಯ ಮೇಲುಸಹಿ ಇಲ್ಲ. ಅಷ್ಟಕ್ಕೇ ಗ್ರಾಮೀಣ ಮೀಸಲಾತಿ ಕೈತಪ್ಪಬಹುದು. ಅರ್ಹತೆ ಮೊದಲೇ ಇತ್ತು, ಪುರಾವೆ ಮಾತ್ರ ತಡವಾಯಿತು ಎಂಬ ವಾದ ಇಲ್ಲಿ ಹುಟ್ಟುತ್ತದೆ. 2016ರಲ್ಲಿ ರಾಮ್‌ ಕುಮಾರ್‌ ಗಿಜ್ರೋಯಾ ಪ್ರಕರಣದಲ್ಲಿ, ಕೊನೆಯ ದಿನಾಂಕದ ನಂತರ ಕೊಟ್ಟ ಹಿಂದುಳಿದ ವರ್ಗದ ಪ್ರಮಾಣಪತ್ರವನ್ನೂ ಒಪ್ಪಬೇಕೆಂದು ಸುಪ್ರೀಂ ಕೋರ್ಟ್‌ ಹೇಳಿತು. 2023ರಲ್ಲಿ ಆರ್ಥಿಕವಾಗಿ ಹಿಂದುಳಿದವರ ಕೋಟಾದ ಪ್ರಕರಣವೊಂದರಲ್ಲಿ ಅದೇ ನ್ಯಾಯಾಲಯ, ನಿಯಮ ಹೇಳಿದ ದಿನಾಂಕಕ್ಕೆ ಪತ್ರ ಇರಲೇಬೇಕು ಎಂದಿತು. ಆದ್ದರಿಂದ ‘ಗೆಲುವು ಗ್ಯಾರಂಟಿ’ ಎನ್ನುವ ವಕೀಲರ ಮಾತಿಗಿಂತ ಅಧಿಸೂಚನೆಯ ಒಕ್ಕಣೆಯನ್ನು ನಂಬಿ.

ಆಯ್ಕೆ ಪ್ರಕ್ರಿಯೆ ಆರಂಭವಾದ ಮೇಲೆ ನಿಯಮ ಬದಲಿಸಿದ್ದರೆ ನಿಮ್ಮ ವಾದ ಗಟ್ಟಿ. ನಿಯಮದಲ್ಲೋ ಅಧಿಸೂಚನೆಯಲ್ಲೋ ಅದಕ್ಕೆ ಅವಕಾಶವಿಲ್ಲದೆ ಹಾಗೆ ಮಾಡುವಂತಿಲ್ಲ ಎಂದು 2024ರ ನವೆಂಬರ್‌ನಲ್ಲಿ ಸುಪ್ರೀಂ ಕೋರ್ಟ್‌ನ ಐವರು ನ್ಯಾಯಮೂರ್ತಿಗಳ ಪೀಠ ಹೇಳಿದೆ. ಆದರೆ ಅಧಿಸೂಚನೆಯ ಷರತ್ತನ್ನು ಒಪ್ಪಿ ಪರೀಕ್ಷೆ ಬರೆದು, ಆಯ್ಕೆಯಾಗದ ಮೇಲೆ ಆ ಷರತ್ತೇ ತಪ್ಪು ಎಂದರೆ ಸಾಮಾನ್ಯವಾಗಿ ಕೇಳುವವರಿಲ್ಲ. ಕೀ ಉತ್ತರದ ತಕರಾರೂ ಕಷ್ಟದ್ದೇ. ತಪ್ಪು ಕಣ್ಣಿಗೆ ಹೊಡೆಯುವಂತಿರಬೇಕು. ಅನುಮಾನವಷ್ಟೇ ಇದ್ದರೆ ಅದರ ಲಾಭ ಪರೀಕ್ಷಾ ಪ್ರಾಧಿಕಾರಕ್ಕೆ.

ಎಲ್ಲಿಗೆ ಹೋಗಬೇಕು?

ರಾಜ್ಯ ಸರ್ಕಾರದ ಇಲಾಖೆಯ ಹುದ್ದೆಯಾದರೆ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿ, ಎಲ್ಲರ ಬಾಯಲ್ಲಿ ‘ಕೆಎಟಿ’. ಬೆಂಗಳೂರಿನ ಜೊತೆಗೆ ಬೆಳಗಾವಿ, ಕಲಬುರಗಿಗಳಲ್ಲೂ ಪೀಠಗಳಿವೆ. ಕೇಂದ್ರದ ಹುದ್ದೆಗೆ ಕೇಂದ್ರ ಆಡಳಿತ ನ್ಯಾಯಮಂಡಳಿ (ಸಿಎಟಿ). ನಿಗಮ, ಮಂಡಳಿಗಳದ್ದಾದರೆ ಸಾಮಾನ್ಯವಾಗಿ ಹೈಕೋರ್ಟ್‌ನಲ್ಲಿ ರಿಟ್‌. ಪರೀಕ್ಷೆ ನಡೆಸಿದ್ದು ಯಾರು ಎಂಬುದಕ್ಕಿಂತ ಹುದ್ದೆ ಯಾರದ್ದು ಎಂಬುದನ್ನು ನೋಡಿ.

ನ್ಯಾಯಮಂಡಳಿಗೆ ಹೋಗಲು ಅಂತಿಮ ಆದೇಶದಿಂದ ಒಂದು ವರ್ಷದ ಕಾಲಮಿತಿ. ಒಂದರ ಮೇಲೊಂದು ಮನವಿ ಕೊಡುತ್ತಾ ಹೋದರೆ ಆ ಅವಧಿ ಬೆಳೆಯದು. ವರ್ಷವಿದೆಯಲ್ಲ ಎಂದು ಕೂರುವುದೂ ತಪ್ಪು. ನೇಮಕಾತಿ ಆದೇಶ ಹೊರಡುವ ಮುನ್ನವೇ ಹೋದರೆ ‘ಪ್ರಕರಣ ಮುಗಿಯುವವರೆಗೆ ಒಂದು ಹುದ್ದೆ ಖಾಲಿ ಇಡಿ’ ಎಂದು ಮಧ್ಯಂತರ ಆದೇಶ ಕೇಳಬಹುದು. ಇಡೀ ಪಟ್ಟಿಗೇ ತಡೆ ಕೇಳುವುದಕ್ಕಿಂತ ಇದು ಸಿಗುವ ಸಾಧ್ಯತೆ ಹೆಚ್ಚು.

ಅರ್ಜಿಯಲ್ಲಿ ನೇಮಕಾತಿ ಪ್ರಾಧಿಕಾರದ ಜೊತೆಗೆ, ನೀವು ಗೆದ್ದರೆ ಹುದ್ದೆ ಕಳೆದುಕೊಳ್ಳುವ ಅಭ್ಯರ್ಥಿಯನ್ನೂ ಪ್ರತಿವಾದಿ ಮಾಡಿ. ಪಾಪ, ಅವರ ತಪ್ಪೇನೂ ಇಲ್ಲದಿರಬಹುದು. ಆದರೂ ಅವರ ಮಾತು ಕೇಳದೆ ಅವರ ಹುದ್ದೆ ಕಿತ್ತುಕೊಳ್ಳಲಾಗದು. ಈ ಒಂದು ಲೋಪದಿಂದಲೇ ಅರ್ಜಿ ಬಿದ್ದುಹೋಗಬಹುದು.

ಪಟ್ಟಿಯಲ್ಲಿ ಹೆಸರಿದ್ದೂ ನೇಮಕವಾಗದವರಿಗೂ ಒಂದು ಮಾತು. ಆಯ್ಕೆಯಾದ ಮಾತ್ರಕ್ಕೆ ನೇಮಕಾತಿ ಹಕ್ಕಾಗದು ಎಂದು ಶಂಕರ್‌ಸನ್‌ ದಾಶ್‌ ಪ್ರಕರಣದಲ್ಲಿ 1991ರಲ್ಲೇ ತೀರ್ಮಾನವಾಗಿದೆ. ಆದರೆ ಖಾಲಿ ಹುದ್ದೆಯನ್ನು ಮನಬಂದಂತೆ ಖಾಲಿ ಬಿಡುವ ಅಧಿಕಾರವೂ ಸರ್ಕಾರಕ್ಕಿಲ್ಲ ಎಂದು ಅದೇ ತೀರ್ಪು ಹೇಳುತ್ತದೆ.

ನ್ಯಾಯಮಂಡಳಿಯಲ್ಲಿ ಸೋತರೆ ಹೈಕೋರ್ಟ್‌ನ ವಿಭಾಗೀಯ ಪೀಠವಿದೆ. ವಕೀಲರ ಶುಲ್ಕ ಭರಿಸಲಾಗದಿದ್ದರೆ ಕಾನೂನು ಸೇವಾ ಪ್ರಾಧಿಕಾರವನ್ನು ಕೇಳಿ: ಮಹಿಳೆಯರಿಗೆ, ಪರಿಶಿಷ್ಟ ಜಾತಿ–ಪಂಗಡದವರಿಗೆ ಆದಾಯ ನೋಡದೆ ಉಚಿತ ನೆರವು ಸಿಗುತ್ತದೆ. ಸಹಾಯವಾಣಿ 15100. ಪ್ರಕರಣ ನಡೆಯುತ್ತಿದೆಯೆಂದು ಮುಂದಿನ ಅಧಿಸೂಚನೆಗೆ ಅರ್ಜಿ ಹಾಕುವುದನ್ನು ಬಿಡಬೇಡಿ. ವಯೋಮಿತಿ ಯಾರ ತೀರ್ಪಿಗೂ ಕಾಯುವುದಿಲ್ಲ.