"ಮ್ಯಾಲಿಂದನ ಹೋಗೇತ್ರಿ": ಸೈಬರ್ ದಾಳಿ ಯಾವಾಗ ಯುದ್ಧ ಆಗುತ್ತದೆ?

ಕರೆಂಟ್ ಹೋದ ಕೂಡಲೇ ಹಾವೇರಿಯ ಹಾಸ್ಟೆಲ್‌ಗಳಲ್ಲಿ ಒಂದು ಕೂಗು ಏಳುತ್ತದೆ. ಆಮೇಲೆ ಮೊಬೈಲ್ ಟಾರ್ಚು. ಯಾರೋ ಒಬ್ಬರು ಹೆಸ್ಕಾಂಗೆ ಫೋನ್ ಹಚ್ಚುತ್ತಾರೆ. "ಮ್ಯಾಲಿಂದನ ಹೋಗೇತ್ರಿ" ಅಂತ ಉತ್ತರ ಬಂದರೆ ಮಾತು ಅಲ್ಲಿಗೆ ಮುಗಿಯಿತು. ನಮಗೆ ಹೆಚ್ಚೆಂದರೆ ಇಂಟರ್ನಲ್ಸ್‌ನ ಓದು ತಪ್ಪೀತು. ಆದರೆ ಅದೇ ಹೊತ್ತಿಗೆ ಬ್ಯಾಡಗಿಯ ಕೋಲ್ಡ್ ಸ್ಟೋರೇಜ್‌ಗಳಲ್ಲಿ ರೈತರ ಮೆಣಸಿನಕಾಯಿ ಚೀಲಗಳಿರುತ್ತವೆ. ರಾಣೇಬೆನ್ನೂರಿನ ಯಾವುದೋ ಆಸ್ಪತ್ರೆಯಲ್ಲಿ ಯಾರಿಗೋ ಆಪರೇಷನ್ ನಡೆದಿರುತ್ತದೆ. ಅವರಿಗೆ ಈ ಕತ್ತಲೆ ಬೇರೆಯದೇ ಲೆಕ್ಕ.

ಈ "ಮ್ಯಾಲೆ" ಅಂದರೆ ಎಲ್ಲಿ? ಅಲ್ಲಿ ಯಾರಾದರೂ ಬೇಕಂತಲೇ ಕೈ ಹಾಕಿದರೆ, ಹಾಕಿದವರು ಇನ್ನೊಂದು ದೇಶದಲ್ಲಿ ಕೂತಿದ್ದರೆ, ಅದು ಅಪರಾಧವೋ, ಭಯೋತ್ಪಾದನೆಯೋ, ಯುದ್ಧವೋ? ಇದು ಲಾ ಕಾಲೇಜಿನವರ ಪಾಠ ಅಲ್ಲವಾ ಅಂತ ಪುಟ ತಿರುವಬೇಡಿ. ಇದರಲ್ಲಿ ನಮ್ಮ ಪಾಲೂ ಇದೆ.

ಕೂಡಗಿಯ ಹೆಸರು ಬಂದದ್ದು

ನಮ್ಮ ಊರಿನ ಫೀಡರ್‌ನ ಮೇಲೆ ಕೆಪಿಟಿಸಿಎಲ್ ಸಬ್‌ಸ್ಟೇಷನ್, ಅದರ ಮೇಲೆ ಬೆಂಗಳೂರಿನ ರಾಜ್ಯ ಲೋಡ್ ಡಿಸ್ಪ್ಯಾಚ್ ಸೆಂಟರ್, ಅದಕ್ಕೂ ಮೇಲೆ ಬೆಂಗಳೂರಿನಲ್ಲೇ ಇರುವ ದಕ್ಷಿಣ ಪ್ರಾದೇಶಿಕ ಲೋಡ್ ಡಿಸ್ಪ್ಯಾಚ್ ಸೆಂಟರ್. ಉತ್ಪಾದನೆ ಮತ್ತು ಬಳಕೆಯನ್ನು ಸರಿದೂಗಿಸಿ 50 ಹರ್ಟ್ಜ್ ಕಾಯುವುದು ಇವರ ಕೆಲಸ. ಎಲ್ಲವೂ ಕಂಪ್ಯೂಟರ್ ಮೂಲಕ.

2021ರ ಫೆಬ್ರುವರಿ 28ರಂದು ರೆಕಾರ್ಡೆಡ್ ಫ್ಯೂಚರ್ ಅನ್ನೋ ಅಮೆರಿಕದ ಕಂಪನಿ ಒಂದು ವರದಿ ಹೊರತಂದಿತು. ಚೀನಾ ಜೊತೆ ನಂಟಿರುವ, ತಾನು "ರೆಡ್‌ಎಕೋ" ಅಂತ ಹೆಸರಿಟ್ಟ ಗುಂಪೊಂದು ಭಾರತದ ವಿದ್ಯುತ್ ವಲಯವನ್ನು ಗುರಿಯಾಗಿಸಿದೆ ಅಂತ ಅದರಲ್ಲಿತ್ತು. ಬಳಸಿದ ಮಾಲ್‌ವೇರ್ ಶ್ಯಾಡೋಪ್ಯಾಡ್. ದೇಶದ ಐದು ಪ್ರಾದೇಶಿಕ ಕೇಂದ್ರಗಳಲ್ಲಿ ನಾಲ್ಕು ಆ ಪಟ್ಟಿಯಲ್ಲಿದ್ದವು, ಬೆಂಗಳೂರಿನದೂ ಸೇರಿ. ವಿಜಯಪುರ ಜಿಲ್ಲೆಯ ಕೂಡಗಿಯಲ್ಲಿರುವ ಎನ್‌ಟಿಪಿಸಿಯ 2400 ಮೆಗಾವ್ಯಾಟ್ ಸ್ಥಾವರದ ಹೆಸರೂ ಇತ್ತು.

ಮರುದಿನವೇ ಕೇಂದ್ರ ವಿದ್ಯುತ್ ಸಚಿವಾಲಯ ಉತ್ತರ ಕೊಟ್ಟಿತು. 2020ರ ನವೆಂಬರ್ 19ರಂದೇ ಸರ್ಟ್-ಇನ್ ಎಚ್ಚರಿಸಿತ್ತು, ಗ್ರಿಡ್‌ನ ಕೆಲಸಕ್ಕೆ ಧಕ್ಕೆ ಆಗಿಲ್ಲ, ಡೇಟಾ ಸೋರಿಕೆಯೂ ಕಂಡಿಲ್ಲ ಅಂತ. ಚೀನಾ ಆರೋಪವನ್ನು ತಳ್ಳಿಹಾಕಿತು. 2020ರ ಅಕ್ಟೋಬರ್ 12ರಂದು ಮುಂಬೈ ಕತ್ತಲಾದದ್ದಕ್ಕೂ ಇದಕ್ಕೂ ಸಂಬಂಧ ಇದೆ ಅಂತ ಆಗ ಮಹಾರಾಷ್ಟ್ರ ಸರ್ಕಾರ ಹೇಳಿತು. ಕೇಂದ್ರದ ವಿದ್ಯುತ್ ಸಚಿವರು ಅದು ಮನುಷ್ಯರ ತಪ್ಪು ಅಂದರು. ವರದಿ ಬರೆದ ಕಂಪನಿಯೂ ಆ ಸಂಬಂಧ ಸಾಬೀತಾಗಿಲ್ಲ ಅಂತಲೇ ಬರೆದಿತ್ತು.

ಈಗ ಈ ಪ್ರಕರಣವನ್ನು ಅಂತರರಾಷ್ಟ್ರೀಯ ಕಾನೂನಿನ ಮುಂದೆ ಇಡೋಣ. ಅದು ಮೂರು ಪ್ರಶ್ನೆ ಕೇಳುತ್ತದೆ.

ಒಂದು: ಪರಿಣಾಮ ಏನು?

ವಿಶ್ವಸಂಸ್ಥೆಯ ಸನ್ನದಿನ 2(4)ನೇ ವಿಧಿ ಒಂದು ದೇಶ ಇನ್ನೊಂದರ ಮೇಲೆ ಬಲಪ್ರಯೋಗ ಮಾಡಬಾರದು ಅನ್ನುತ್ತದೆ. 51ನೇ ವಿಧಿ ಸಶಸ್ತ್ರ ದಾಳಿ ಆದರೆ ಆತ್ಮರಕ್ಷಣೆಯ ಹಕ್ಕು ಕೊಡುತ್ತದೆ. ಇವೆರಡೂ 1945ರ ಮಾತು. ಅಲ್ಲಿ ಕಂಪ್ಯೂಟರ್ ಅನ್ನೋ ಪದವೇ ಇಲ್ಲ. ಆದರೂ ಸನ್ನದು ಸೈಬರ್ ಲೋಕಕ್ಕೂ ಅನ್ವಯಿಸುತ್ತದೆ ಅಂತ ವಿಶ್ವಸಂಸ್ಥೆಯ ಸರ್ಕಾರಿ ತಜ್ಞರ ಗುಂಪು 2013ರಲ್ಲಿ ಒಪ್ಪಿತು. ಆ ಗುಂಪಿನಲ್ಲಿ ಭಾರತವೂ ಇತ್ತು, ಚೀನಾವೂ ಇತ್ತು.

ಎಲ್ಲ ಬಲಪ್ರಯೋಗವೂ ಸಶಸ್ತ್ರ ದಾಳಿ ಅಲ್ಲ. 1986ರ ನಿಕರಾಗುವಾ ಪ್ರಕರಣದಲ್ಲಿ ಅಂತರರಾಷ್ಟ್ರೀಯ ನ್ಯಾಯಾಲಯ ಪ್ರಮಾಣ ಮತ್ತು ಪರಿಣಾಮ ನೋಡಬೇಕು ಅಂದಿತು. ಅಂದರೆ ಯಾವ ಆಯುಧ ಅನ್ನೋದಕ್ಕಿಂತ ಎಷ್ಟು ಹಾನಿ ಅನ್ನೋದು ಮುಖ್ಯ. ಇರಾನಿನ ನತಾಂಜ್‌ನಲ್ಲಿ ಸೆಂಟ್ರಿಫ್ಯೂಜ್‌ಗಳನ್ನೇ ಕೆಡಿಸಿದ ಸ್ಟಕ್ಸ್‌ನೆಟ್ 2010ರಲ್ಲಿ ಬೆಳಕಿಗೆ ಬಂತು. ಟ್ಯಾಲಿನ್ ಕೈಪಿಡಿ ಬರೆದ ತಜ್ಞರು ಅದನ್ನು ಬಲಪ್ರಯೋಗ ಅಂತ ಒಪ್ಪಿದರು, ಸಶಸ್ತ್ರ ದಾಳಿಯೋ ಅಲ್ಲವೋ ಅನ್ನುವಲ್ಲಿ ಒಡೆದುಹೋದರು. ನೆನಪಿರಲಿ, 2013 ಮತ್ತು 2017ರಲ್ಲಿ ಬಂದ ಆ ಕೈಪಿಡಿ ವಿದ್ವಾಂಸರ ಅಭಿಪ್ರಾಯ ಅಷ್ಟೇ, ಒಪ್ಪಂದ ಅಲ್ಲ.

2015ರ ಡಿಸೆಂಬರ್ 23ರಂದು ಉಕ್ರೇನಿನಲ್ಲಿ ಸುಮಾರು 2.25 ಲಕ್ಷ ಗ್ರಾಹಕರಿಗೆ ಕೆಲವು ಗಂಟೆ ಕರೆಂಟ್ ಹೋಯಿತು. ಆಪರೇಟರ್ ಕಣ್ಣೆದುರೇ ಮೌಸ್ ತಾನೇ ಓಡಾಡಿ ಬ್ರೇಕರ್‌ಗಳನ್ನು ತೆರೆಯಿತು. ಸಿಬ್ಬಂದಿ ಸಬ್‌ಸ್ಟೇಷನ್‌ಗಳಿಗೆ ಹೋಗಿ ಕೈಯಿಂದಲೇ ಮತ್ತೆ ಚಾಲೂ ಮಾಡಬೇಕಾಯಿತು. ಅಲ್ಲಿ ಹಾನಿ ಕಣ್ಣಿಗೆ ಕಂಡಿತು.

ಕೂಡಗಿಯಲ್ಲಿ? ಏನೂ ನಿಂತಿಲ್ಲ, ಏನೂ ಸುಟ್ಟಿಲ್ಲ. ಹಾಗಾಗಿ ಇದು ಸಶಸ್ತ್ರ ದಾಳಿ ಅಲ್ಲ. ಬರೀ ಬೇಹುಗಾರಿಕೆಯನ್ನು ನೇರವಾಗಿ ನಿಷೇಧಿಸುವ ಅಂತರರಾಷ್ಟ್ರೀಯ ಒಪ್ಪಂದವೂ ಇಲ್ಲ. ಆದರೆ ಇಣುಕಿ ನೋಡಲು ಬಂದವನಿಗೂ ಮುಂದೊಂದು ದಿನ ಕರೆಂಟ್ ತೆಗೆಯಲು ಜಾಗ ಹಿಡಿದು ಕೂತವನಿಗೂ ಫೈರ್‌ವಾಲ್‌ನಲ್ಲಿ ವ್ಯತ್ಯಾಸ ಕಾಣುವುದಿಲ್ಲ. ಕಾನೂನಿನ ದೊಡ್ಡ ಸಂದಿ ಇದೇ. ಜನರ ಅಗತ್ಯ ಸೇವೆಯ ಮೂಲಸೌಕರ್ಯಕ್ಕೆ ಬೇಕಂತಲೇ ಹಾನಿ ಮಾಡಬಾರದು ಅನ್ನೋ ನಿಯಮ 2015ರ ತಜ್ಞರ ವರದಿಯಲ್ಲಿದೆ. ಅದು ಸ್ವಯಂಪ್ರೇರಿತ ನಡಾವಳಿ, ಕಡ್ಡಾಯ ಅಲ್ಲ.

ಎರಡು: ಮಾಡಿದವರು ಯಾರು?

ಐಪಿ ಅಡ್ರೆಸ್ ಸಿಕ್ಕರೆ ಆಯಿತು ಅಂತ ನಮ್ಮ ಕ್ಲಾಸಿನಲ್ಲಿ ಯಾರೂ ಹೇಳಲಾರರು. 2007ರಲ್ಲಿ ಎಸ್ಟೋನಿಯಾದ ಬ್ಯಾಂಕು, ಸರ್ಕಾರಿ ಸೈಟುಗಳು ಬಿದ್ದಾಗ ಟ್ರಾಫಿಕ್ ಬಂದದ್ದು ಹತ್ತಾರು ದೇಶಗಳ ಬಾಟ್‌ನೆಟ್‌ಗಳಿಂದ.

ಯಂತ್ರ ಸಿಕ್ಕರೂ ಸರ್ಕಾರ ಸಿಕ್ಕಂತಾಗಲಿಲ್ಲ. 2001ರ ರಾಜ್ಯ ಹೊಣೆಗಾರಿಕೆಯ ವಿಧಿಗಳ ಪ್ರಕಾರ ಸರ್ಕಾರದ ಅಂಗವೇ ಮಾಡಿದ್ದರೆ ಅಥವಾ ಸರ್ಕಾರದ ಸೂಚನೆ, ನಿಯಂತ್ರಣದಲ್ಲಿ ಖಾಸಗಿಯವರು ಮಾಡಿದ್ದರೆ ಆ ದೇಶ ಹೊಣೆ. ನಿಕರಾಗುವಾ ತೀರ್ಪು ಕೇಳಿದ್ದು "ಪರಿಣಾಮಕಾರಿ ನಿಯಂತ್ರಣ". ಹಣ, ತರಬೇತಿ ಕೊಟ್ಟದ್ದಷ್ಟೇ ಸಾಲದು. ಇನ್ನೊಂದು ದಾರಿ 1949ರ ಕಾರ್ಫು ಚಾನೆಲ್ ತೀರ್ಪು: ತನ್ನ ನೆಲದಿಂದ ಪರರಿಗೆ ಹಾನಿ ಆಗುತ್ತಿದೆ ಅಂತ ಗೊತ್ತಿದ್ದೂ ದೇಶ ಸುಮ್ಮನಿರಬಾರದು. ಇದು ಸೈಬರ್‌ಗೆ ಎಷ್ಟರ ಮಟ್ಟಿಗೆ ಅನ್ವಯ ಅನ್ನೋದರ ಬಗ್ಗೆ ದೇಶಗಳಲ್ಲಿ ಇನ್ನೂ ಜಗಳ ಇದೆ.

ಮೂರು: ತಿರುಗಿ ಏನು ಮಾಡಬಹುದು?

ಸಶಸ್ತ್ರ ದಾಳಿ ಆದರೆ ಆತ್ಮರಕ್ಷಣೆ. ಅದಕ್ಕಿಂತ ಕಡಿಮೆಯ ಕಾನೂನುಭಂಗ ಆದರೆ ಪ್ರತಿಕ್ರಮ, ಅಂದರೆ ತಪ್ಪು ನಿಲ್ಲಿಸುವಂತೆ ಮಾಡಲು, ಆದ ಹಾನಿಗೆ ತಕ್ಕಷ್ಟೇ, ಬಲಪ್ರಯೋಗ ಇಲ್ಲದ ಒತ್ತಡ. ಇದೂ ದೇಶಕ್ಕಿರುವ ಹಕ್ಕು. ನನಗೂ ನಿಮಗೂ ಇಲ್ಲ.

ಇದನ್ನು ಒತ್ತಿ ಹೇಳಲು ಕಾರಣ ಇದೆ. ಗಡಿಯಲ್ಲಿ ಗಲಾಟೆ ಆದಾಗಲೆಲ್ಲ "ಬರ್ರಿ, ಅವರ ಸೈಟ್ ಕೆಡವೋಣ" ಅನ್ನೋ ಮೆಸೇಜುಗಳು ಗ್ರೂಪುಗಳಲ್ಲಿ ಓಡಾಡುತ್ತವೆ. ಅನುಮತಿ ಇಲ್ಲದೆ ಇನ್ನೊಬ್ಬರ ಸಿಸ್ಟಮ್‌ಗೆ ನುಗ್ಗುವುದು ನಮ್ಮ ಐಟಿ ಕಾಯ್ದೆಯ 66ನೇ ಕಲಂ ಪ್ರಕಾರ ಅಪರಾಧ. ದೇಶಭಕ್ತಿಗೆ ಅಂತ ಅಲ್ಲಿ ವಿನಾಯಿತಿ ಇಲ್ಲ. ಯುದ್ಧವೇ ನಡೆದಿದ್ದರೆ ಮಾನವೀಯ ಕಾನೂನು ಬರುತ್ತದೆ: ಆಸ್ಪತ್ರೆ, ನಾಗರಿಕರ ಸೌಕರ್ಯ ಮುಟ್ಟುವಂತಿಲ್ಲ. ಯುದ್ಧದಲ್ಲಿ ನೇರವಾಗಿ ಕೈ ಜೋಡಿಸಿದ ನಾಗರಿಕ, ಜೋಡಿಸಿದಷ್ಟು ಹೊತ್ತು, ದಾಳಿಯಿಂದ ತನಗಿದ್ದ ರಕ್ಷಣೆ ಕಳೆದುಕೊಳ್ಳಬಹುದು. ರೂಮಿನಲ್ಲಿ ಲ್ಯಾಪ್‌ಟಾಪ್ ಹಿಡಿದು ಕೂತ ಹುಡುಗನಿಗೂ ಇದು ಅನ್ವಯ.

ಭಯೋತ್ಪಾದನೆ ಆದರೆ?

ಇಲ್ಲಿ ಅಂತರರಾಷ್ಟ್ರೀಯ ಕಾನೂನು ಇನ್ನೂ ಬಡವಾಗಿದೆ. ಭಯೋತ್ಪಾದನೆ ಅಂದರೆ ಏನು ಅಂತ ಎಲ್ಲ ದೇಶಗಳೂ ಒಪ್ಪಿದ ವ್ಯಾಖ್ಯೆ ಇಲ್ಲ. ಸಮಗ್ರ ಒಪ್ಪಂದದ ಕರಡನ್ನು ಭಾರತ 1996ರಲ್ಲೇ ವಿಶ್ವಸಂಸ್ಥೆಯಲ್ಲಿ ಮಂಡಿಸಿತು. ಅದು ಇನ್ನೂ ಪಾಸಾಗಿಲ್ಲ. ಹಾಗಾಗಿ ದೇಶದೊಳಗಿನ ಕಾನೂನೇ ಆಸರೆ. 2008ರ ತಿದ್ದುಪಡಿಯಿಂದ ಬಂದ 66ಎಫ್ ಕಲಂ ದೇಶದ ಭದ್ರತೆಗೆ ಬೆದರಿಕೆ ಒಡ್ಡುವ ಅಥವಾ ಜನರಲ್ಲಿ ಭಯ ಹುಟ್ಟಿಸುವ ಉದ್ದೇಶದಿಂದ ಅಗತ್ಯ ಸೇವೆಗಳನ್ನು ಕೆಡಿಸುವ ಸೈಬರ್ ಕೃತ್ಯಕ್ಕೆ ಜೀವಾವಧಿವರೆಗೂ ಶಿಕ್ಷೆ ಕೊಡುತ್ತದೆ. ಕಂಪ್ಯೂಟರ್ ಭಾರತದಲ್ಲಿದ್ದರೆ ಹೊರದೇಶದಿಂದ ಮಾಡಿದ್ದಕ್ಕೂ 75ನೇ ಕಲಂ ಮೂಲಕ ಕಾಯ್ದೆ ಅನ್ವಯ. ಆದರೆ ಆಸಾಮಿಯನ್ನು ಹಿಡಿದು ತರಲು ಆ ದೇಶವೂ ಮನಸ್ಸು ಮಾಡಬೇಕಲ್ಲ!

ಇದರಲ್ಲಿ ನಮ್ಮ ಪಾಲು

ಮೂರು ಪ್ರಶ್ನೆಗಳನ್ನು ಮತ್ತೆ ನೋಡಿ. ಏನು ಹಾನಿ? ಯಾರು? ಎಷ್ಟು ಉತ್ತರ? ಯಾವುದಕ್ಕೂ ವಕೀಲರು ಒಬ್ಬರೇ ಉತ್ತರ ಕೊಡಲಾರರು. ಎಷ್ಟು ಗಂಟೆಗೆ ಯಾವ ಪ್ಯಾಕೆಟ್ ಎಲ್ಲಿಂದ ಬಂತು, ರಿಲೇಗೆ ಆದೇಶ ಕೊಟ್ಟವರು ಯಾರು, ಬ್ರೇಕರ್ ತಾನೇ ಬಿತ್ತೋ ಬೀಳಿಸಿದರೋ: ಇದೆಲ್ಲ ಲಾಗ್‌ನಲ್ಲಿರಬೇಕು. 2022ರ ಏಪ್ರಿಲ್ 28ರ ಸರ್ಟ್-ಇನ್ ನಿರ್ದೇಶನ ಲಾಗ್‌ಗಳನ್ನು 180 ದಿನ ಇಡಿ, ಘಟನೆ ಗೊತ್ತಾದ 6 ಗಂಟೆಯೊಳಗೆ ತಿಳಿಸಿ, ಗಡಿಯಾರಗಳನ್ನು ಎನ್‌ಟಿಪಿಯಿಂದ ಸರಿಹೊಂದಿಸಿ ಅನ್ನೋದು ಇದಕ್ಕೇ. ಎರಡು ಸರ್ವರ್‌ಗಳ ಗಡಿಯಾರದಲ್ಲಿ ನಾಲ್ಕು ನಿಮಿಷ ವ್ಯತ್ಯಾಸ ಇದ್ದರೆ ಯಾವುದು ಮೊದಲು, ಯಾವುದು ಆಮೇಲೆ ಅನ್ನೋದೇ ಕಲಸಿಹೋಗುತ್ತದೆ.

ನಮ್ಮಲ್ಲಿ ಕೆಲವರು ನಾಳೆ ಕೆಪಿಟಿಸಿಎಲ್, ಹೆಸ್ಕಾಂ ಸೇರುತ್ತಾರೆ, ಇನ್ನು ಕೆಲವರು ಎಪಿಎಂಸಿಯ ಇ-ಟೆಂಡರ್‌ನಂಥ ಸಾಫ್ಟ್‌ವೇರ್ ಬರೆಯುತ್ತಾರೆ. ಅಲ್ಲಿ ಲಾಗ್ ಆಫ್ ಮಾಡಿ ಡಿಸ್ಕ್ ಉಳಿಸುವ ಆಸೆ ಬಂದಾಗ ಬ್ಯಾಡಗಿಯ ಆ ಚೀಲಗಳನ್ನು ನೆನಪಿಸಿಕೊಳ್ಳಿ. "ಮ್ಯಾಲಿಂದನ ಹೋಗೇತ್ರಿ" ಅಂತ ಹೇಳಿ ಕೈತೊಳೆದುಕೊಳ್ಳುವ ಹಾಗಿಲ್ಲ. ಆ "ಮ್ಯಾಲೆ" ಕೂತಿರುವವರು ಅಷ್ಟೊತ್ತಿಗೆ ನಾವೇ ಆಗಿರುತ್ತೇವೆ.

ಚರ್ಚೆಗೆ: ವಿದೇಶಿ ಗುಂಪೊಂದು ಸೋಮವಾರ ಬ್ಯಾಡಗಿ ಮಾರುಕಟ್ಟೆಯ ಇ-ಟೆಂಡರ್ ಸರ್ವರ್ ಕೆಡವಿತು ಅಂದುಕೊಳ್ಳಿ. ಯಾರಿಗೂ ಗಾಯ ಇಲ್ಲ, ಆದರೆ ಆ ದಿನದ ವ್ಯಾಪಾರ ಪೂರ್ತಿ ನಿಂತಿತು. ಇದು ಬಲಪ್ರಯೋಗವೋ? 66ಎಫ್ ಹಚ್ಚಬಹುದೋ? ಯಾವ ಲಾಗ್ ಸಿಕ್ಕರೆ ನಿಮ್ಮ ಉತ್ತರ ಬದಲಾಗುತ್ತದೆ?